ಸಂಕಲನಕಾರ ನಿರ್ದೇಶಕನಾದಾಗ: ಸಚಿನ್ ರವಿ ಅವರ ನಾಲ್ಕು ಸಿನಿಮಾಗಳು

ಸಿನಿಮಾದ ಬಗ್ಗೆ ನಾವು ಆಡುವ ಮಾತು ನಾಯಕನಿಂದ ಶುರುವಾಗಿ, ನಿರ್ದೇಶಕನನ್ನು ಮುಟ್ಟಿ, ಹಾಡಿಗೆ ಬಂದು ನಿಲ್ಲುತ್ತದೆ. ತುಸು ಹೆಚ್ಚು ಆಸಕ್ತಿ ಇರುವವರು ಛಾಯಾಗ್ರಾಹಕರ ಹೆಸರನ್ನೂ ಹೇಳುತ್ತಾರೆ. ಸಂಕಲನಕಾರರ ಹೆಸರು ಪರದೆಯ ಮೇಲೆ ಬರುವ ಹೊತ್ತಿಗೆ ನಾವಿನ್ನೂ ಮೊಬೈಲ್ ಬೆಳಕಿನಲ್ಲಿ ಸೀಟಿನ ನಂಬರ್ ಹುಡುಕುತ್ತಿರುತ್ತೇವೆ. ಮಣಿರತ್ನಂ ಅವರ ‘ಬಾಂಬೆ’ (1995) ಚಿತ್ರದ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಪಡೆದವರು ನಮ್ಮ ಸುರೇಶ್ ಅರಸ್. ಈ ಮಾತು ಹೇಳಿದರೆ ಸಿನಿಮಾ ಹುಚ್ಚಿರುವ ಗೆಳೆಯರೂ ‘ಹೌದಾ?’ ಎನ್ನುತ್ತಾರೆ.

ಹೀಗೆ ನಮ್ಮ ಗಮನಕ್ಕೆ ಬಾರದೆ ಹೋದ ಇನ್ನೊಂದು ಹೆಸರು ಸಚಿನ್ ರವಿ. ‘ಸಿಂಪಲ್ಲಾಗ್ ಒಂದ್ ಲವ್ ಸ್ಟೋರಿ’ (2013), ‘ಉಳಿದವರು ಕಂಡಂತೆ’ (2014), ‘ಕಿರಿಕ್ ಪಾರ್ಟಿ’ (2016), ಈ ಮೂರಕ್ಕೂ ಸಂಕಲನಕಾರರು ಅವರೇ. ಊರು ಬಿಟ್ಟು ಬಂದು ಪುಣೆಯಲ್ಲೋ ಹೈದರಾಬಾದಿನಲ್ಲೋ ಕೆಲಸ ಮಾಡುತ್ತಿರುವ ನಮ್ಮಂಥವರು ಬೇರೆ ಭಾಷೆಯ ಸಹೋದ್ಯೋಗಿಗಳಿಗೆ ‘ಕನ್ನಡದಲ್ಲೂ ಈಗ ಒಳ್ಳೆಯ ಸಿನಿಮಾ ಬರ್ತಿದೆ, ನೋಡಿ’ ಎಂದು ಹೇಳಲು ಶುರು ಮಾಡಿದ್ದೇ ಈ ಸಿನಿಮಾಗಳ ಕಾಲದಲ್ಲಿ. 2019ರ ಡಿಸೆಂಬರ್ 27ಕ್ಕೆ ಅದೇ ಸಚಿನ್ ರವಿ ನಿರ್ದೇಶಕರಾಗಿ ‘ಅವನೇ ಶ್ರೀಮನ್ನಾರಾಯಣ’ ತಂದರು. ಅದರ ಸಂಕಲನವನ್ನೂ ಅವರೇ ಮಾಡಿದರು. ಸಿನಿಮಾ ಮೂರು ಗಂಟೆ ದಾಟಿತು.

ಸಂಕಲನದಿಂದ ಹೆಸರು ಮಾಡಿದವರ ಮೊದಲ ನಿರ್ದೇಶನದ ಬಗ್ಗೆ ಬಂದ ಸಾಮಾನ್ಯ ದೂರು ‘ಉದ್ದವಾಯಿತು’ ಎಂಬುದೇ ಆಗಿತ್ತು. ಇದನ್ನು ತಮಾಷೆಯ ಸಂಗತಿ ಎಂದು ನಕ್ಕು ಮುಂದೆ ಹೋಗಬಹುದು. ಆದರೆ ಕನ್ನಡ ಸಿನಿಮಾ ಸಣ್ಣ ಬಜೆಟ್ಟಿನಿಂದ ದೊಡ್ಡ ಬಜೆಟ್ಟಿಗೆ ಹಾರಿದ ಆ ಒಂದೆರಡು ವರ್ಷಗಳಲ್ಲಿ ಯಾವ ಕೆಲಸಕ್ಕೆ ಜಾಗ ಕಡಿಮೆಯಾಯಿತು ಎಂಬುದು ಈ ದೂರಿನಲ್ಲೇ ಇದೆ ಎಂದು ನನಗೆ ಅನ್ನಿಸುತ್ತದೆ.

ಮೊದಲು ಆ ಕೆಲಸ ಯಾವುದು ಎಂದು ನೋಡೋಣ. ನಾನಿರುವ ಕಾತ್ರಜದಿಂದ ಸ್ವಾರಗೇಟ್, ಡೆಕ್ಕನ್ ದಾಟಿ ಹೋದರೆ ಲಾ ಕಾಲೇಜ್ ರಸ್ತೆಯಲ್ಲಿ ಫಿಲಂ ಇನ್‌ಸ್ಟಿಟ್ಯೂಟ್ ಸಿಗುತ್ತದೆ. 1960ರಲ್ಲಿ ಹಳೆಯ ಪ್ರಭಾತ್ ಸ್ಟುಡಿಯೋ ಜಾಗದಲ್ಲಿ ಶುರುವಾದ ಸಂಸ್ಥೆ. ನಮ್ಮ ಗಿರೀಶ ಕಾಸರವಳ್ಳಿ ಓದಿದ್ದು ಇಲ್ಲೇ. ಅಲ್ಲಿ ನಿರ್ದೇಶನ ಒಂದು ವಿಭಾಗ, ಸಂಕಲನ ಇನ್ನೊಂದು ವಿಭಾಗ. ಒಂದು ಸಣ್ಣ ಡಿಪ್ಲೊಮಾ ಚಿತ್ರ ತೆಗೆಯಬೇಕಾದರೂ ಈ ವಿಭಾಗಗಳ ಹುಡುಗರು ಸೇರಬೇಕು. ಇಬ್ಬರಿಗೂ ಸಿನಿಮಾ ಪೂರ್ತಿ ಗೊತ್ತಿರಲಿ, ಆದರೆ ಒಂದು ಸಿನಿಮಾದಲ್ಲಿ ಒಬ್ಬರು ತೆಗೆಯಲಿ, ಇನ್ನೊಬ್ಬರು ಜೋಡಿಸಲಿ. ಈ ವ್ಯವಸ್ಥೆಯ ಹಿಂದೆ ಒಂದು ಅನುಭವದ ತಿಳಿವಳಿಕೆ ಇದೆ.

ಆ ತಿಳಿವಳಿಕೆ ಏನೆಂದರೆ, ಚೆನ್ನಾಗಿ ಕತ್ತರಿಸಬಲ್ಲವನು ಆ ದೃಶ್ಯ ತೆಗೆಯುವಾಗ ಪಟ್ಟ ಪಾಡನ್ನು ಮರೆಯಬಲ್ಲವನಾಗಿರಬೇಕು. ನಿರ್ದೇಶಕನಿಗೆ ಒಂದು ಶಾಟ್ ನೋಡಿದಾಗ ಬೆಳಿಗ್ಗೆ ನಾಲ್ಕಕ್ಕೆ ಎದ್ದದ್ದು, ಮಳೆ ಬಂದು ಅರ್ಧ ದಿನ ಕೂತದ್ದು, ಕ್ರೇನಿನ ಬಾಡಿಗೆ, ನಟ ಹದಿನೈದನೇ ಟೇಕಿನಲ್ಲಿ ಕೊನೆಗೂ ಸರಿಯಾಗಿ ಹೇಳಿದ ಮಾತು, ಎಲ್ಲವೂ ನೆನಪಾಗುತ್ತವೆ. ಸೆಟ್ಟಿಗೆ ಹೋಗದೆ ಕೋಣೆಯಲ್ಲಿ ಕೂತ ಸಂಕಲನಕಾರನಿಗೆ ಅವು ಯಾವುವೂ ಕಾಣುವುದಿಲ್ಲ. ಅವನಿಗೆ ಕಾಣುವುದು ಆ ಚೌಕಟ್ಟಿನಲ್ಲಿರುವುದು ಮಾತ್ರ. ಹಾಗಾಗಿ ಅವನು ಸಿನಿಮಾದ ಮೊದಲ ಪ್ರೇಕ್ಷಕ, ಮತ್ತು ‘ಇದು ಬೇಡ’ ಎಂದು ಹೇಳುವ ಹಕ್ಕಿರುವ ಒಬ್ಬನೇ ಪ್ರೇಕ್ಷಕ. ನಮ್ಮ ಸಾಫ್ಟ್‌ವೇರ್ ಕೆಲಸದಲ್ಲಿ ಕೋಡ್ ಬರೆದವನೇ ಅದನ್ನು ಟೆಸ್ಟ್ ಮಾಡಿ ‘ಸರಿ ಇದೆ’ ಎಂದು ಸಹಿ ಹಾಕಬಾರದು ಎಂಬ ನಿಯಮ ಇದೆಯಲ್ಲ, ಅದೂ ಇದೇ. ಬರೆದವನು ದಡ್ಡ ಎಂದು ಆ ನಿಯಮ ಮಾಡಿದ್ದಲ್ಲ. ತಾನು ಏನು ಉದ್ದೇಶಿಸಿದ್ದೆ ಎಂಬುದು ಅವನಿಗೆ ಗೊತ್ತಿರುತ್ತದೆ, ಆ ಗೊತ್ತಿರುವುದೇ ಅವನ ಕಣ್ಣಿಗೆ ಅಡ್ಡ ಬರುತ್ತದೆ.

ಈ ಹಿನ್ನೆಲೆ ಇಟ್ಟುಕೊಂಡು ಸಚಿನ್ ರವಿ ಅವರ ಸಂಕಲನವನ್ನು ನೋಡಬೇಕು.

ಸುನಿ ನಿರ್ದೇಶನದ ‘ಸಿಂಪಲ್ಲಾಗ್ ಒಂದ್ ಲವ್ ಸ್ಟೋರಿ’ ಮಾತಿನ ಸಿನಿಮಾ. ಅದರ ಬಹುಭಾಗ ರಕ್ಷಿತ್ ಶೆಟ್ಟಿ ಮತ್ತು ಶ್ವೇತಾ ಶ್ರೀವಾತ್ಸವ್ ಇಬ್ಬರೇ ಕೂತು, ನಿಂತು, ನಡೆದಾಡುತ್ತಾ ಆಡುವ ಮಾತು. ಸುತ್ತ ಕೊಡಗಿನ ಮಳೆ. ನಡುನಡುವೆ ಇಬ್ಬರೂ ಹೇಳಿಕೊಳ್ಳುವ ಹಳೆಯ ಪ್ರೇಮದ ಕತೆಗಳು. ಇಂಥ ಸಿನಿಮಾದಲ್ಲಿ ಸಂಕಲನಕಾರನಿಗೆ ಮಾಡಲು ಏನೂ ಇಲ್ಲ ಎಂದು ಅನ್ನಿಸುವುದು ಸಹಜ. ಆದರೆ ಪಂಚ್ ಡೈಲಾಗ್ ಹೇಳಿದವನ ಮುಖವನ್ನು ಎಷ್ಟು ಹೊತ್ತು ಇಡಬೇಕು, ಕೇಳಿದವಳ ಮುಖಕ್ಕೆ ಯಾವಾಗ ಹೋಗಬೇಕು ಎಂಬುದರ ಮೇಲೆ ಮಾತು ನಗು ತರಿಸುತ್ತದೋ ಸುಸ್ತು ಮಾಡುತ್ತದೋ ಎಂಬುದು ನಿಂತಿದೆ. ಸುನಿಯವರ ಸಂಭಾಷಣೆಯಲ್ಲಿ ಶ್ಲೇಷೆಯ ಮೇಲೆ ಶ್ಲೇಷೆ. ಅವೆಲ್ಲಕ್ಕೂ ಚಪ್ಪಾಳೆಗೆ ಬಿಡುವು ಕೊಟ್ಟಿದ್ದರೆ ಅದು ನಗೆಹಬ್ಬದ ಕಾರ್ಯಕ್ರಮ ಆಗುತ್ತಿತ್ತು. ಇಲ್ಲಿ ಹಲವು ಮಾತುಗಳು ನಮ್ಮ ನಗು ಮುಗಿಯುವ ಮೊದಲೇ ಹಿಂದೆ ಬಿದ್ದಿರುತ್ತವೆ, ಸಿನಿಮಾ ಮುಂದಕ್ಕೆ ಹೋಗಿರುತ್ತದೆ. ಸಿನಿಮಾಕ್ಕೆ ಬಂದ ‘ಫ್ರೆಶ್’ ಎಂಬ ಹೊಗಳಿಕೆಯಲ್ಲಿ ಒಂದು ಪಾಲು ಈ ಆತುರಕ್ಕೆ ಸಲ್ಲಬೇಕು.

‘ಉಳಿದವರು ಕಂಡಂತೆ’ ಬೇರೆಯದೇ ಮಟ್ಟದ ಸವಾಲು. ರಕ್ಷಿತ್ ಶೆಟ್ಟಿ ಬರೆದು ನಿರ್ದೇಶಿಸಿದ ಮೊದಲ ಸಿನಿಮಾ. ಮಲ್ಪೆಯಲ್ಲಿ ಅಷ್ಟಮಿಯ ಹೊತ್ತಿನಲ್ಲಿ ನಡೆದ ಘಟನೆಗಳನ್ನು ಪತ್ರಕರ್ತೆ ರೆಜಿನಾ ಸುತ್ತಲಿನವರ ಮಾತಿನಿಂದ ಕಟ್ಟುತ್ತಾ ಹೋಗುತ್ತಾಳೆ. ರಿಚಿ, ಮುನ್ನಾ, ರಾಘು, ಅವನ ತಾಯಿ ರತ್ನಕ್ಕ, ಬಾಲು, ಹುಡುಗ ಡೆಮಾಕ್ರಸಿ, ಹೀಗೆ ಒಬ್ಬೊಬ್ಬರ ಕಡೆಯಿಂದ ಒಂದೊಂದು ಅಧ್ಯಾಯ. ಒಂದು ಅಧ್ಯಾಯದಲ್ಲಿ ಹಿನ್ನೆಲೆಯಲ್ಲಿ ಹಾದು ಹೋದವನು ಇನ್ನೊಂದರಲ್ಲಿ ಮುಖ್ಯನಾಗುತ್ತಾನೆ.

ಇಂಥ ರಚನೆ ಕಾಗದದ ಮೇಲೆ ಸುಲಭ, ಪರದೆಯ ಮೇಲೆ ಕಷ್ಟ. ಒಂದೇ ಕ್ಷಣಕ್ಕೆ ಎರಡನೇ ಸಲ ಬಂದಾಗ ಪ್ರೇಕ್ಷಕನಿಗೆ ‘ಓ, ಇದು ಅದೇ’ ಎಂದು ಗೊತ್ತಾಗಬೇಕು, ಆದರೆ ‘ಇದನ್ನು ನೋಡಿ ಆಗಿದೆಯಲ್ಲ’ ಎಂದು ಅನ್ನಿಸಬಾರದು. ಮೊದಲ ಸಲ ತೋರಿಸಿದ್ದು ಜಾಸ್ತಿಯಾದರೆ ಎರಡನೆಯದು ಸಪ್ಪೆ. ಕಡಿಮೆಯಾದರೆ ಎರಡನೆಯದು ಅರ್ಥವಾಗುವುದಿಲ್ಲ. ಈ ಅಳತೆಯನ್ನು ಚಿತ್ರೀಕರಣದ ದಿನ ಯಾರೂ ಪೂರ್ತಿ ನಿರ್ಧರಿಸಲಾರರು. ಅದು ಸಂಕಲನದ ಕೋಣೆಯಲ್ಲಿ, ಎಲ್ಲವನ್ನೂ ಒಟ್ಟಿಗೆ ಇಟ್ಟು ನೋಡಿದಾಗಲೇ ಆಗುವ ನಿರ್ಧಾರ. ಈ ಸಿನಿಮಾದಲ್ಲಿ ಹುಲಿವೇಷದ ತಾಸೆಯ ಸದ್ದು, ಸಮುದ್ರ, ಬಂದರಿನ ದೋಣಿಗಳು ನಮಗೆ ದಾರಿ ತೋರಿಸುವ ಗುರುತಿನ ಕಲ್ಲುಗಳ ಹಾಗೆ ಕೆಲಸ ಮಾಡುತ್ತವೆ.

ಇನ್ನೂ ಮುಖ್ಯವಾದದ್ದು, ವೇಗ ಒಂದೇ ಆಗಿಲ್ಲದಿರುವುದು. ರಿಚಿ ಬಂದಾಗ ಸಿನಿಮಾಕ್ಕೆ ಅವನ ನಡಿಗೆಯ ಕುಣಿತ ಬರುತ್ತದೆ. ವರ್ಷಗಟ್ಟಲೆ ಮಗನಿಗೆ ಕಾದ ರತ್ನಕ್ಕನ ಅಧ್ಯಾಯದಲ್ಲಿ ಅದೇ ಸಿನಿಮಾ ನಿಧಾನವಾಗುತ್ತದೆ. ತಾರಾ ಅವರ ಮುಖದ ಮೇಲೆ ಕ್ಯಾಮೆರಾ ನಿಂತಷ್ಟೂ ಹೊತ್ತು ಸಂಕಲನಕಾರನೂ ಸುಮ್ಮನೆ ನಿಲ್ಲುತ್ತಾನೆ. ಮುನ್ನಾನ ಭಾಗದಲ್ಲಿ ಕಿಶೋರ್ ಮಾತಾಡುವುದಕ್ಕಿಂತ ನೋಡುವುದೇ ಹೆಚ್ಚು. ಅವನ ನೋಟಕ್ಕೂ ಟೀನಾಳಿಗೂ ನಡುವಿನ ದೂರವೇ ಅಲ್ಲಿ ಕತೆ. ಒಬ್ಬೊಬ್ಬರ ಕತೆಗೂ ಅವರವರ ಉಸಿರಾಟದ ಲಯ ಕೊಟ್ಟಿರುವುದರಿಂದಲೇ ‘ಉಳಿದವರು ಕಂಡಂತೆ’ ಎಂಬ ಹೆಸರಿಗೆ ಅರ್ಥ ಬಂದಿದೆ. ದೃಷ್ಟಿಕೋನ ಬದಲಾಗಿದೆ ಎಂದು ಧ್ವನಿಯಲ್ಲಿ ಹೇಳಿದರೆ ಸಾಲದು, ಸಮಯ ಹರಿಯುವ ರೀತಿಯೇ ಬದಲಾಗಬೇಕು. ಕನ್ನಡದಲ್ಲಿ ಈ ಕೆಲಸವನ್ನು ಜನಪ್ರಿಯ ಸಿನಿಮಾದ ಚೌಕಟ್ಟಿನೊಳಗೆ ಇಷ್ಟು ಧೈರ್ಯವಾಗಿ ಮಾಡಿದ ಉದಾಹರಣೆಗಳು ಕಡಿಮೆ. ಚಿತ್ರಮಂದಿರದಲ್ಲಿ ಅದು ಹೆಚ್ಚು ಓಡಲಿಲ್ಲ. ಆಮೇಲೆ ಲ್ಯಾಪ್‌ಟಾಪುಗಳಲ್ಲಿ, ಹಾಸ್ಟೆಲ್ ರೂಮುಗಳಲ್ಲಿ ಬದುಕಿತು. ಎರಡನೇ ಸಲ, ಮೂರನೇ ಸಲ ನೋಡಿದರೂ ಹೊಸದು ಸಿಗುವ ಹಾಗೆ ಜೋಡಿಸಿದ ಸಿನಿಮಾಕ್ಕೆ ಅದು ಸಹಜವೇ.

‘ಕಿರಿಕ್ ಪಾರ್ಟಿ’ಗೆ ರಿಷಬ್ ಶೆಟ್ಟಿ ನಿರ್ದೇಶಕರು. ಇಂಜಿನಿಯರಿಂಗ್ ಕಾಲೇಜಿನ ನಾಲ್ಕು ವರ್ಷ. ಕಾತ್ರಜ ಚೌಕದಲ್ಲಿ ರಾತ್ರಿ ಹುಬ್ಬಳ್ಳಿ, ಬೆಂಗಳೂರು ಕಡೆಯ ಬಸ್ಸಿಗೆ ಬ್ಯಾಗ್ ಹಿಡಿದು ನಿಂತ ಹುಡುಗ ಹುಡುಗಿಯರನ್ನು ಕೇಳಿದರೆ ಈ ಸಿನಿಮಾದ ದೃಶ್ಯಗಳನ್ನು ಅನುಕ್ರಮವಾಗಿ ಹೇಳುವವರು ಸಿಗುತ್ತಾರೆ. ಮಜಾ ಏನೆಂದರೆ ಅದಕ್ಕೆ ಗಟ್ಟಿ ಅನುಕ್ರಮವೇ ಇಲ್ಲ. ಹಾಸ್ಟೆಲ್, ಪರೀಕ್ಷೆ, ಜಗಳ, ಹಳದಿ ಕಾರು, ಎಲ್ಲ ಬಿಡಿಬಿಡಿ ಪ್ರಸಂಗಗಳು. ಬಿಡಿ ಪ್ರಸಂಗಗಳನ್ನು ಪೋಣಿಸುವ ಸಿನಿಮಾದಲ್ಲಿ ಯಾವ ಪ್ರಸಂಗ ಯಾವುದರ ಪಕ್ಕ ಇರಬೇಕು, ಯಾವುದು ಬೇಗ ಮುಗಿಯಬೇಕು ಎಂಬುದೇ ಚಿತ್ರಕತೆಯ ಅರ್ಧ ಕೆಲಸ. ಸಾನ್ವಿಯ ಸಾವಿನ ನಂತರ ಕತೆ ವರ್ಷಗಳನ್ನು ದಾಟಿ, ಗಡ್ಡ ಬಿಟ್ಟ, ಒರಟಾದ ಕರ್ಣನನ್ನು ನಮ್ಮ ಮುಂದೆ ನಿಲ್ಲಿಸುತ್ತದೆ. ದುಃಖಕ್ಕೆ ಒಂದು ಉದ್ದದ ಹಾಡು, ಸ್ಮಶಾನ, ಗೆಳೆಯರ ಸಾಂತ್ವನ ಎಂಬ ರೂಢಿಯ ಮೆಟ್ಟಿಲುಗಳನ್ನು ಹತ್ತದೆ ಈ ಜಿಗಿತವೇ ದುಃಖವನ್ನು ಹೇಳಿಬಿಡುತ್ತದೆ. ನಡುವಿನ ವರ್ಷಗಳನ್ನು ನಾವೇ ತುಂಬಿಕೊಳ್ಳುತ್ತೇವೆ. ಎರಡನೇ ಅರ್ಧದಲ್ಲಿ ಸಿನಿಮಾ ಸಡಿಲವಾಗುತ್ತದೆ, ನಿಜ. ಆದರೂ ಏನನ್ನು ತೋರಿಸದೆ ಬಿಡಬೇಕು ಎಂದು ಬಲ್ಲ ಕೈಯ ಗುರುತು ಅಲ್ಲಿದೆ.

ಇಷ್ಟಾದ ಮೇಲೆ ‘ಅವನೇ ಶ್ರೀಮನ್ನಾರಾಯಣ’.

ಕಲ್ಪನೆಯ ಊರು ಅಮರಾವತಿ. ಲೂಟಿಯಾದ ಸಂಪತ್ತು, ಅದರಲ್ಲಿ ಕೈಯಿದ್ದ ನಾಟಕ ಮಂಡಳಿ, ಆ ಮಂಡಳಿಯವರನ್ನು ಮುಗಿಸುವುದಾಗಿ ಪ್ರತಿಜ್ಞೆ ಮಾಡಿದ ದರೋಡೆಕೋರ ಜಯರಾಮ, ಅವನೊಂದಿಗೆ ಪೈಪೋಟಿಗಿಳಿದ ತುಕಾರಾಮ, ನಡುವೆ ಬಾಯಿ ಚುರುಕಿನ ಪೊಲೀಸ್ ನಾರಾಯಣ, ಅವನ ಕಾನ್‌ಸ್ಟೆಬಲ್ ಅಚ್ಯುತಣ್ಣ, ಮತ್ತು ಲಕ್ಷ್ಮಿ. ಕೌಬಾಯ್ ಸಿನಿಮಾದ ಮಧುಶಾಲೆ, ಪುರಾಣದ ಹೆಸರುಗಳು, ವೃತ್ತಿ ರಂಗಭೂಮಿಯ ವೇಷ, ಇವನ್ನೆಲ್ಲ ಒಂದೇ ಮಣ್ಣಿನಲ್ಲಿ ನೆಡುವ ಸಾಹಸ. ಕಲ್ಪನೆ ದೊಡ್ಡದು, ಮತ್ತು ಅದು ನಮ್ಮದೇ. ನಾಟಕ ಕಂಪನಿಯನ್ನು ನಿಧಿಯ ಕತೆಯ ಕೇಂದ್ರಕ್ಕೆ ತರುವ ಯೋಚನೆ ಕನ್ನಡ, ಮರಾಠಿ ನಾಡಿನವರಿಗೆ ಹೊಳೆಯಬಹುದಾದದ್ದು. ಬಾಲಗಂಧರ್ವರ ಹೆಸರಿನ ರಂಗಮಂದಿರ ಇರುವ ಊರಿನಲ್ಲಿ ಕೂತು ನೋಡಿದವನಿಗೆ ಅದರ ರುಚಿ ಇನ್ನೂ ಹೆಚ್ಚು.

ಈ ಸಿನಿಮಾದಲ್ಲಿ ಸಂಕಲನಕಾರನ ಕಣ್ಣು ಕೆಲಸ ಮಾಡಿಲ್ಲ ಎಂದು ಹೇಳಿದರೆ ಅನ್ಯಾಯವಾಗುತ್ತದೆ. ಒಂದು ದೃಶ್ಯದಿಂದ ಇನ್ನೊಂದಕ್ಕೆ ದಾಟುವ ಕಡೆಗಳಲ್ಲಿ ಚುರುಕಿದೆ. ಸುಳಿವುಗಳನ್ನು ಮುಂಚೆಯೇ ಬಿತ್ತಿ ಆಮೇಲೆ ಕೊಯ್ಯುವ ಶಿಸ್ತಿದೆ. ಶಾಟ್‌ಗಳನ್ನು ಮುಂದಿನ ಶಾಟ್ ಯಾವುದೆಂದು ತಿಳಿದೇ ತೆಗೆದಂತಿದೆ. ಜೋಡಿಸುವುದು ಬಲ್ಲ ನಿರ್ದೇಶಕನ ಲಾಭ ಇದು. ಬಿಡಿಯಾಗಿ ನೋಡಿದರೆ ಬಹುತೇಕ ದೃಶ್ಯಗಳು ಚೆನ್ನಾಗಿಯೇ ಕತ್ತರಿಸಲ್ಪಟ್ಟಿವೆ.

ತೊಂದರೆ ಇರುವುದು ದೃಶ್ಯದ ಒಳಗಲ್ಲ, ದೃಶ್ಯ ಇರಬೇಕೇ ಬೇಡವೇ ಎಂಬಲ್ಲಿ. ಸಂಕಲನದಲ್ಲಿ ಎರಡು ಬಗೆಯ ಕತ್ತರಿ ಇರುತ್ತದೆ. ಒಂದು ಅಂಚು ಸರಿಮಾಡುವ ಕತ್ತರಿ. ಇನ್ನೊಂದು ಇಡೀ ತುಂಡನ್ನೇ ತೆಗೆದು ಪಕ್ಕಕ್ಕಿಡುವ ಕತ್ತರಿ. ಮೊದಲನೆಯದಕ್ಕೆ ಕೌಶಲ ಸಾಕು, ಎರಡನೆಯದಕ್ಕೆ ನಿರ್ದಯತೆ ಬೇಕು. ‘ಅವನೇ ಶ್ರೀಮನ್ನಾರಾಯಣ’ದಲ್ಲಿ ಮೊದಲನೆಯದು ಎಲ್ಲ ಕಡೆ ಆಡಿದೆ, ಎರಡನೆಯದು ಆಡಬೇಕಾದಷ್ಟು ಆಡಿಲ್ಲ. ನಾಯಕ ಬುದ್ಧಿವಂತ ಎಂದು ಒಂದು ಸಲ ತೋರಿಸಿದ ಮೇಲೂ ಮತ್ತೆ ಮತ್ತೆ ತೋರಿಸುವ ಪ್ರಸಂಗಗಳಿವೆ. ಒಗಟು ಬಿಡಿಸಿದ ಮೇಲೆ ಅದನ್ನು ಬಿಡಿಸಿ ಹೇಳುವ ಮಾತುಗಳಿವೆ. ಜಯರಾಮ ಭಯಂಕರ ಎಂದು ನಾವು ಒಪ್ಪಿದ ಮೇಲೂ ಸಿನಿಮಾ ನಮ್ಮನ್ನು ಒಪ್ಪಿಸುತ್ತಲೇ ಇರುತ್ತದೆ. ಕೋಟೆ, ಮಧುಶಾಲೆ, ಬೀದಿ, ವೇಷಭೂಷಣ ಎಲ್ಲವನ್ನೂ ಶ್ರಮಪಟ್ಟು ಕಟ್ಟಿದ್ದಾರೆ, ಕಟ್ಟಿದ್ದೆಲ್ಲವೂ ಪರದೆಗೆ ಬಂದಿದೆ. ಸೆಟ್ಟಿನಲ್ಲಿ ಬೆವರು ಸುರಿಸಿದವನಿಗೆ ಅದು ನ್ಯಾಯ. ಸೀಟಿನಲ್ಲಿ ಕೂತವನಿಗೆ ಆ ಬೆವರಿನ ಲೆಕ್ಕ ಬೇಕಿಲ್ಲ.

‘ಉಳಿದವರು ಕಂಡಂತೆ’ಯ ಜೊತೆ ಇಟ್ಟು ನೋಡಿದರೆ ವ್ಯತ್ಯಾಸ ಇನ್ನೂ ಸ್ಪಷ್ಟ. ಅಲ್ಲಿ ಪಾತ್ರಕ್ಕೊಂದು ಲಯ ಇತ್ತು. ಇಲ್ಲಿ ಇಡೀ ಸಿನಿಮಾ ನಾರಾಯಣನ ಲಯದಲ್ಲಿದೆ. ಅಚ್ಯುತಣ್ಣನ ಸುಸ್ತು, ಲಕ್ಷ್ಮಿಯ ಆತಂಕ, ನಾಟಕದವರ ಭಯ, ಯಾವುದಕ್ಕೂ ಅದರದ್ದೇ ಸಮಯ ಸಿಕ್ಕಿಲ್ಲ. ಮೂರು ಗಂಟೆ ಇದ್ದೂ ಇವರಿಗೆ ಸಮಯ ಇಲ್ಲ! ಉದ್ದ ಎಂಬ ದೂರಿನ ಹಿಂದಿರುವ ನಿಜವಾದ ದೂರು ಇದು ಎಂದು ನನಗೆ ತೋರುತ್ತದೆ. ಒಂದೇ ವೇಗದಲ್ಲಿ ಹೋಗುವ ಎರಡು ಗಂಟೆಯೂ ಉದ್ದವೇ. ಬದಲಾಗುವ ಲಯದಲ್ಲಿ ಮೂರೂವರೆ ಗಂಟೆಯೂ ಸಾಗುತ್ತದೆ.

ಇಲ್ಲಿ ಇನ್ನೊಂದು ಸಂಗತಿ ಗಮನಿಸಬೇಕು. ಈ ಸಿನಿಮಾದ ಕತೆ ಚಿತ್ರಕತೆ ರಕ್ಷಿತ್ ಶೆಟ್ಟಿ ಮತ್ತು ‘ದ ಸೆವೆನ್ ಆಡ್ಸ್’ ಎಂಬ ಬರಹಗಾರರ ತಂಡದ್ದು. ನಾಯಕ ರಕ್ಷಿತ್ ಅವರೇ. ಬರೆಯಲು ಒಂದು ಗುಂಪು, ತುಂಬಿಸಲು ಹತ್ತು ಕೈ. ರಕ್ಷಿತ್ ನಿರ್ದೇಶಕರಾಗಿದ್ದಾಗ ಸಚಿನ್ ಹೊರಗಿನ ಕಣ್ಣಾಗಿದ್ದರು. ಈಗ ಸಚಿನ್ ನಿರ್ದೇಶಕರಾದಾಗ ಆ ಕುರ್ಚಿಯಲ್ಲಿ ಬೇರೆ ಯಾರೂ ಕೂರಲಿಲ್ಲ, ಸಚಿನ್ ಅವರೇ ಎರಡು ಕುರ್ಚಿಯಲ್ಲೂ ಕೂತರು. ಸೇರಿಸುವವರು ಹೆಚ್ಚಾದ ಹೊತ್ತಿಗೆ ಸರಿಯಾಗಿ, ಕಳೆಯುವವನ ಜಾಗ ಖಾಲಿಯಾಯಿತು. ನಾನು ಹೇಳುತ್ತಿರುವುದು ತೆರೆಯ ಹಿಂದಿನ ಕತೆಯಲ್ಲ, ಶೀರ್ಷಿಕೆಗಳಲ್ಲಿ ಬರುವ ಹೆಸರುಗಳನ್ನೂ ಪರದೆಯ ಮೇಲೆ ಕಂಡದ್ದನ್ನೂ ಜೋಡಿಸಿ ನೋಡಿದಾಗ ಸಿಗುವ ಚಿತ್ರ.

ಇದಕ್ಕೆ ಆಕ್ಷೇಪ ಬರುತ್ತದೆ, ಬರಬೇಕು ಕೂಡ. ಹೃಷಿಕೇಶ್ ಮುಖರ್ಜಿ ಇಲ್ಲವೇ? ಬಿಮಲ್ ರಾಯ್ ಅವರ ‘ದೋ ಬಿಘಾ ಜಮೀನ್’ (1953) ಸಂಕಲನ ಮಾಡಿದವರು, 1957ರಲ್ಲಿ ‘ಮುಸಾಫಿರ್’ನಿಂದ ನಿರ್ದೇಶಕರಾದರು, ‘ಆನಂದ್’ (1971) ಚಿತ್ರವನ್ನು ತಾವೇ ನಿರ್ದೇಶಿಸಿ ತಾವೇ ಸಂಕಲಿಸಿದರು. ಅದರಲ್ಲಿ ಒಂದು ನಿಮಿಷವೂ ಹೆಚ್ಚಿಲ್ಲ. ನಿಜ. ಆದರೆ ಹೃಷಿದಾ ಅವರ ಸಿನಿಮಾಗಳು ಎರಡು ಮನೆ, ಒಂದು ಆಸ್ಪತ್ರೆ, ನಾಲ್ಕೈದು ಜನ ಎಂಬ ಅಳತೆಯವು. ಬೇಕಾದಷ್ಟೇ ತೆಗೆದಾಗ ಬಿಸಾಡಬೇಕಾದದ್ದು ಕಡಿಮೆ ಇರುತ್ತದೆ, ಬಿಸಾಡುವ ನೋವೂ ಕಡಿಮೆ. ಒಂದು ಊರನ್ನೇ ಕಟ್ಟಿ ನಿಲ್ಲಿಸಿದವನ ಸ್ಥಿತಿ ಬೇರೆ.

ಹಾಗಾದರೆ ಊರು ಕಟ್ಟಿ ನಿಲ್ಲಿಸಿದ ಸಂಕಲನಕಾರ ಏನು ಮಾಡಿದ? ಡೇವಿಡ್ ಲೀನ್ ಅವರನ್ನು ನೋಡಿ. ನಿರ್ದೇಶಕರಾಗುವ ಮೊದಲು ಅವರು ಇಂಗ್ಲೆಂಡಿನ ಹೆಸರಾಂತ ಸಂಕಲನಕಾರರು. ‘ಲಾರೆನ್ಸ್ ಆಫ್ ಅರೇಬಿಯಾ’ (1962) ಎಂಬ ಮರುಭೂಮಿಯಷ್ಟು ದೊಡ್ಡ ಸಿನಿಮಾ ಮಾಡಿದಾಗ ಸಂಕಲನಕ್ಕೆ ಆನ್ ಕೋಟ್ಸ್ ಅವರನ್ನು ಕೂರಿಸಿದರು. ಆಕೆಗೆ ಅದಕ್ಕೆ ಆಸ್ಕರ್ ಬಂತು. ಲಾರೆನ್ಸ್ ಬೆಂಕಿಕಡ್ಡಿ ಊದಿದ ಮರುಕ್ಷಣ ಮರುಭೂಮಿಯ ದಿಗಂತ ಕಾಣುವ ಆ ಪ್ರಸಿದ್ಧ ಕಟ್, ಚಿತ್ರಕತೆಯಲ್ಲಿ ಒಂದು ಚಿತ್ರ ನಿಧಾನಕ್ಕೆ ಇನ್ನೊಂದರಲ್ಲಿ ಕರಗುವಂತೆ ಇತ್ತು. ನೇರ ಕಟ್ ಆಗಿದ್ದು ಸಂಕಲನದ ಮೇಜಿನ ಮೇಲೆ. ಕತ್ತರಿಸುವುದನ್ನು ಎಲ್ಲರಿಗಿಂತ ಚೆನ್ನಾಗಿ ಬಲ್ಲವನೇ ಕತ್ತರಿಯನ್ನು ಬೇರೆಯವರ ಕೈಗೆ ಕೊಟ್ಟ. ತಾನು ಕಟ್ಟಿದ್ದರ ಮೇಲೆ ತನಗಿರುವ ಮೋಹ ಎಷ್ಟೆಂದು ಅವನಿಗೆ ಗೊತ್ತಿತ್ತು ಎಂದೇ ನಾನು ಅದನ್ನು ಓದುತ್ತೇನೆ.

ಜರ್ಮನಿಯ ಪೀಟರ್ ಪ್ರಿಗೋಡಾ (1941-2011) ಇನ್ನೊಂದು ದಾರಿ ಹಿಡಿದವರು. ವಿಮ್ ವೆಂಡರ್ಸ್ ಅವರ ‘ದ ಅಮೆರಿಕನ್ ಫ್ರೆಂಡ್’ (1977), ‘ಪ್ಯಾರಿಸ್, ಟೆಕ್ಸಾಸ್’ (1984), ‘ವಿಂಗ್ಸ್ ಆಫ್ ಡಿಸೈರ್’ (1987) ಎಲ್ಲಕ್ಕೂ ಸಂಕಲನಕಾರರು ಅವರೇ. 1979ರಲ್ಲಿ ‘ಆಲ್ಸ್ ಡೀಸೆಲ್ ಗೆಬೋರನ್’ ಎಂಬ ಸಾಕ್ಷ್ಯಚಿತ್ರವನ್ನು ನಿರ್ದೇಶಿಸಿದರು, ಆದರೂ ಸಂಕಲನದ ಮೇಜನ್ನು ಬಿಡಲಿಲ್ಲ. ಸಾಯುತ್ತಿದ್ದ ನಿರ್ದೇಶಕ ನಿಕೊಲಸ್ ರೇ ಅವರ ಕೊನೆಯ ದಿನಗಳ ಮೇಲೆ ವೆಂಡರ್ಸ್ ಮಾಡಿದ ಸಿನಿಮಾದ ಮೊದಲ ಆವೃತ್ತಿಯನ್ನು ಕತ್ತರಿಸಿದ್ದು ಪ್ರಿಗೋಡಾ. ಅದು 1980ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶನವಾಯಿತು. ಆಮೇಲೆ ವೆಂಡರ್ಸ್ ಅದನ್ನು ಮತ್ತೆ ತಮ್ಮ ರೀತಿಯಲ್ಲಿ ಸಂಕಲಿಸಿದರು. ಒಂದೇ ಸಾಮಗ್ರಿ, ಎರಡು ಸಿನಿಮಾ. ನಿರ್ದೇಶಕನಿಗೂ ಸಂಕಲನಕಾರನಿಗೂ ಕಾಣುವುದು ಎಷ್ಟು ಬೇರೆ ಎಂಬುದಕ್ಕೆ ಇದಕ್ಕಿಂತ ನೇರ ಪುರಾವೆ ಬೇಡ. ಅಷ್ಟಾದರೂ ಇಬ್ಬರೂ ಒಟ್ಟಿಗೆ ಕೆಲಸ ಮಾಡುವುದನ್ನು ಬಿಡಲಿಲ್ಲ. ‘ಪ್ಯಾರಿಸ್, ಟೆಕ್ಸಾಸ್’ ಬಂದದ್ದು ಇದಾದ ಮೇಲೆಯೇ. ಭಿನ್ನಾಭಿಪ್ರಾಯ ಇರುವವನನ್ನು ಪಕ್ಕದಲ್ಲಿ ಉಳಿಸಿಕೊಳ್ಳುವುದೂ ನಿರ್ದೇಶಕನ ಗುಣವೇ.

ನಮ್ಮಲ್ಲೇ ಇದರ ಉದಾಹರಣೆ ಇದೆ. ಕಾಸರವಳ್ಳಿಯವರ ‘ತಾಯಿ ಸಾಹೇಬ’ (1997), ‘ದ್ವೀಪ’ (2002) ಸಿನಿಮಾಗಳ ಸಂಕಲನದಲ್ಲಿ ಎಂ. ಎನ್. ಸ್ವಾಮಿಯವರ ಹೆಸರು ಕಾಣುತ್ತದೆ. ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ಕಲಿತ, ಸಂಕಲನವನ್ನು ಬಲ್ಲ ನಿರ್ದೇಶಕರು ಕೂಡ ಆ ಕುರ್ಚಿಯನ್ನು ಇನ್ನೊಬ್ಬರಿಗೆ ಬಿಟ್ಟುಕೊಟ್ಟರು. ‘ದ್ವೀಪ’ದ ಮಳೆ ನಮಗೆ ಬೇಸರ ತರದೆ ಭಯ ತರಿಸುತ್ತದೆ ಎಂದರೆ ಅದರಲ್ಲಿ ಈ ಬಿಟ್ಟುಕೊಡುವಿಕೆಯ ಪಾಲೂ ಇದೆ.

ಈ ಪ್ರಶ್ನೆ ಒಬ್ಬ ಸಚಿನ್ ರವಿ ಅವರದ್ದಷ್ಟೇ ಅಲ್ಲ. 2018ರ ಡಿಸೆಂಬರಿನಲ್ಲಿ ‘ಕೆಜಿಎಫ್’ ಬಂದು ಗೆದ್ದ ಮೇಲೆ ದೊಡ್ಡ ಕನ್ನಡ ಸಿನಿಮಾ ಎಂದರೆ ಐದು ಭಾಷೆಗಳಲ್ಲಿ ಬರಬೇಕು ಎಂಬ ಒತ್ತಡ ಶುರುವಾಯಿತು. ‘ಅವನೇ ಶ್ರೀಮನ್ನಾರಾಯಣ’ವೂ ಹಾಗೆಯೇ ಬಂತು. ನಮಗೆ ಅದು ಹೆಮ್ಮೆಯ ವಿಷಯವೇ. ಪುಣೆಯ ಮಲ್ಟಿಪ್ಲೆಕ್ಸಿನಲ್ಲಿ ಕನ್ನಡ ಸಿನಿಮಾಕ್ಕೆ ವಾರಾಂತ್ಯಕ್ಕೊಂದು ಹೊತ್ತಲ್ಲದ ಹೊತ್ತಿನ ಆಟ ಸಿಕ್ಕರೆ ಪುಣ್ಯ ಎನ್ನುತ್ತಿದ್ದವರು ನಾವು. ಆದರೆ ಹಿಗ್ಗುವ ಆಸೆ ಬಂದಾಗ ಮೊದಲು ಬೇಡವಾಗುವುದು ಕುಗ್ಗಿಸುವವನು. ಐದು ಭಾಷೆಯ ಪ್ರೇಕ್ಷಕರಲ್ಲಿ ಯಾರಿಗೆ ಯಾವುದು ಹಿಡಿಸುತ್ತದೋ ಎಂಬ ಅಳುಕಿನಲ್ಲಿ ಎಲ್ಲವನ್ನೂ ಇಟ್ಟುಬಿಡುವುದು ಸುಲಭ. ‘ಉಳಿದವರು ಕಂಡಂತೆ’ಗೆ ಆ ಅಳುಕು ಇರಲಿಲ್ಲ. ಅದು ಉಡುಪಿಯ ಕನ್ನಡದಲ್ಲಿ ಮಾತಾಡಿತು, ಅರ್ಥವಾಗದವರು ಹತ್ತಿರ ಬಂದು ಕೇಳಿಸಿಕೊಳ್ಳಲಿ ಎಂದು ಬಿಟ್ಟಿತು. ಬಳ್ಳಾರಿಯವರೂ ಬೀದರಿನವರೂ ಹತ್ತಿರ ಹೋಗಿ ಕೇಳಿಸಿಕೊಂಡರು.

ಆ ಬಳಗದಲ್ಲಿ ಸಂಕಲನದ ಕುರ್ಚಿಗೆ ಆಮೇಲೆ ಹೊಸಬರು ಬಂದಿದ್ದಾರೆ. ‘777 ಚಾರ್ಲಿ’ (2022) ಸಂಕಲನ ಮಾಡಿದ ಪ್ರತೀಕ್ ಶೆಟ್ಟಿ ಅದೇ ವರ್ಷ ಕೆ. ಎಂ. ಪ್ರಕಾಶ್ ಅವರ ಜೊತೆ ‘ಕಾಂತಾರ’ದ ಸಂಕಲನವನ್ನೂ ಮಾಡಿದರು. ಸಚಿನ್ ರವಿ ನಿರ್ದೇಶನದ ದಾರಿಯಲ್ಲೇ ಮುಂದುವರಿದಿದ್ದಾರೆ. 2024ರಲ್ಲಿ ಶಾಹಿದ್ ಕಪೂರ್ ನಾಯಕನಾಗಿ ಅಶ್ವತ್ಥಾಮನ ಕತೆಯನ್ನು ಇಟ್ಟುಕೊಂಡ ಹಿಂದಿ ಸಿನಿಮಾ ಘೋಷಣೆಯಾಯಿತು. ಅದು ಇನ್ನೂ ದೊಡ್ಡ ಅಳತೆಯ ಕಲ್ಪನೆ.

ಅವರು ಮತ್ತೆ ಸಂಕಲನಕ್ಕೆ ಮರಳಲಿ ಎಂದು ಹೇಳುವುದು ನನ್ನ ಉದ್ದೇಶ ಅಲ್ಲ. ‘ಅವನೇ ಶ್ರೀಮನ್ನಾರಾಯಣ’ದಂಥ ಕಲ್ಪನೆ ಇರುವವರು ನಿರ್ದೇಶಿಸಲೇಬೇಕು, ಅಷ್ಟು ವಿಚಿತ್ರವಾದ, ಅಷ್ಟು ನಮ್ಮದಾದ ಲೋಕವನ್ನು ಕಟ್ಟುವ ಎದೆಗಾರಿಕೆ ಕನ್ನಡದಲ್ಲಿ ಹೇರಳವಾಗಿಲ್ಲ. ಆದರೆ ‘ಉಳಿದವರು ಕಂಡಂತೆ’ಗೆ ಸಚಿನ್ ರವಿ ಸಿಕ್ಕಿದ್ದರು. ಸಚಿನ್ ರವಿಯವರ ಮುಂದಿನ ಸಿನಿಮಾಕ್ಕೂ, 2014ರ ಆ ಸಚಿನ್ ರವಿಯಂಥ ಒಬ್ಬ ಸಂಕಲನಕಾರ ಸಿಗಬೇಕು. ಸೆಟ್ಟಿಗೆ ಬಾರದವನು, ಖರ್ಚಿನ ಲೆಕ್ಕ ತಿಳಿಯದವನು, ‘ಈ ಹದಿನೈದು ನಿಮಿಷ ಬೇಡ ಸರ್’ ಎಂದು ಹೇಳಲು ಹೆದರದವನು. ಹಾಗೆ ಹೇಳುವವರಿಗೆ ಸಂಬಳ ಕೊಟ್ಟು, ಅವರ ಮಾತು ಕೇಳುವ ಪದ್ಧತಿ ಬಂದಾಗ ಕನ್ನಡ ಸಿನಿಮಾ ದೊಡ್ಡದಾಯಿತು ಎನ್ನಬಹುದು. ಅಲ್ಲಿಯವರೆಗೆ ಆಗಿರುವುದು ಉದ್ದ ಮಾತ್ರ.